ತೀರ್ಪು ಬರುವ ಹೊತ್ತಿಗೆ ಗದ್ದೆ ಎಲ್ಲಿರುತ್ತದೆ?

ಮುಂಬಯಿ–ನಾಸಿಕ್ ಹೆದ್ದಾರಿಯಲ್ಲಿ ಥಾಣೆ ದಾಟಿ ಭಿವಂಡಿಯ ಕಡೆ ಹೊರಟವರಿಗೆ ಮಾಣಕೋಲಿಯಿಂದ ಪಡಘಾದವರೆಗೆ ರಸ್ತೆಯ ಎರಡೂ ಬದಿಗೆ ಕಾಣುವುದು ಗೋದಾಮುಗಳ ತಗಡಿನ ಚಾವಣಿ. ಮಗ್ಗದ ಊರೆಂದು ಹೆಸರಾಗಿದ್ದ ಭಿವಂಡಿ ಈಗ ದೇಶದ ದೊಡ್ಡ ಉಗ್ರಾಣಗಳಲ್ಲಿ ಒಂದು. ಮುಂಬಯಿಯ ಜಕಾತಿ ಗಡಿಯ ಹೊರಗೆ, ಗ್ರಾಮ ಪಂಚಾಯಿತಿಗಳ ಹದ್ದಿನಲ್ಲಿ ಸರಕು ಇಳಿಸಿಕೊಂಡರೆ ಲಾಭ ಎಂಬ ಲೆಕ್ಕದಿಂದ ಬೆಳೆದ ಈ ವ್ಯವಹಾರ, 2017ರಲ್ಲಿ ಜಿಎಸ್‌ಟಿ ಬಂದು ಜಕಾತಿ ಹೋದ ಮೇಲೂ ಕುಗ್ಗಲಿಲ್ಲ. ನಾಗಪುರದಿಂದ ಬರುವ ಸಮೃದ್ಧಿ ಮಹಾಮಾರ್ಗದ ಕೊನೆಯ ಭಾಗ 2025ರ ಜೂನ್‌ನಲ್ಲಿ ತೆರೆದಾಗ ಅದು ಬಂದು ಮುಟ್ಟಿದ್ದು ಭಿವಂಡಿ ತಾಲೂಕಿನ ಆಮಣೆಗೆ. ಇಲ್ಲಿನ ಚಾವಣಿಗಳ ಕೆಳಗೆ ಒಂದು ಕಾಲಕ್ಕೆ ಇದ್ದದ್ದು ಭತ್ತದ ಗದ್ದೆ.

ನ್ಯಾಯಾಲಯದ ಕಡತಗಳಲ್ಲಿ ಮಾತ್ರ ಅವು ಇನ್ನೂ ಗದ್ದೆಗಳಾಗಿಯೇ ಇರುತ್ತವೆ. ಸ್ವಾಧೀನದ ದಾವೆ ಹೂಡಿದ ದಿನ ಜಮೀನು ಹೇಗಿತ್ತೋ ದಾವೆಪತ್ರದಲ್ಲಿ ಹಾಗೆ ಬರೆದಿರುತ್ತದೆ: ಇಂಥ ಸರ್ವೆ ನಂಬರು, ಇಷ್ಟು ಗುಂಟೆ, ಪೂರ್ವಕ್ಕೆ ಇಂಥವರ ಹೊಲ, ಪಶ್ಚಿಮಕ್ಕೆ ಹಳ್ಳ. ಮೊದಲ ತೀರ್ಪು, ಮೊದಲ ಅಪೀಲು, ಎರಡನೇ ಅಪೀಲು ಮುಗಿದು ಅಂತಿಮ ಡಿಕ್ರಿ ಕೈಗೆ ಬರುವ ಹೊತ್ತಿಗೆ ಹಳ್ಳ ಮುಚ್ಚಿರುತ್ತದೆ, ಬದು ಹೋಗಿರುತ್ತದೆ, ಗದ್ದೆಯ ಮೇಲೆ ಕಾಂಕ್ರೀಟ್ ನೆಲ ಬಿದ್ದಿರುತ್ತದೆ. ‘ಕೋರ್ಟಿನಲ್ಲಿ ಗೆದ್ದವ ಸೋತ, ಸೋತವ ಸತ್ತ’ ಎಂಬ ಗಾದೆ ಹುಟ್ಟಿದ್ದು ಖರ್ಚಿನ ಕಾರಣಕ್ಕೆ. ಭಿವಂಡಿಯಂಥ ಕಡೆ ಅದಕ್ಕೆ ಇನ್ನೊಂದು ಅರ್ಥವೂ ಸೇರಿಕೊಂಡಿದೆ. ಗೆದ್ದವನಿಗೆ ಸಿಗಬೇಕಾದ ವಸ್ತುವೇ ಅಲ್ಲಿ ಉಳಿದಿರುವುದಿಲ್ಲ.

ಇದಕ್ಕೆ ಅಪೀಲುಗಳ ಉದ್ದವೇ ಕಾರಣ, ಆದ್ದರಿಂದ ಅಪೀಲುಗಳನ್ನು ಕಡಿಮೆ ಮಾಡಬೇಕು ಎಂಬುದು ಸಾಮಾನ್ಯವಾಗಿ ಕೇಳಿಬರುವ ಮಾತು. ರೋಗ ಸರಿಯಾಗಿ ಗುರುತಿಸಿದರೂ ಮದ್ದು ತಪ್ಪಾಗಿದೆ. ಅಪೀಲು ನಡೆಯುವ ವರ್ಷಗಳಲ್ಲಿ ಭೂಮಿಯನ್ನು ಅನುಭವಿಸುವವನು ಅದಕ್ಕೆ ಏನನ್ನೂ ತೆರಬೇಕಾಗಿಲ್ಲ ಎನ್ನುವುದು ನಿಜವಾದ ಸಮಸ್ಯೆ. ಕಾಯುವಿಕೆ ಒಬ್ಬನಿಗೆ ಉಚಿತ, ಇನ್ನೊಬ್ಬನಿಗೆ ಸರ್ವನಾಶ ಆಗಿರುವವರೆಗೆ ಯಾವ ಮೆಟ್ಟಿಲನ್ನು ಕಿತ್ತರೂ ಪ್ರಯೋಜನ ಕಡಿಮೆ.

ಭಾರತದ ಕಾನೂನು ಭೂಮಿಯ ಮೇಲಿನ ಹಕ್ಕನ್ನೂ ಸ್ವಾಧೀನವನ್ನೂ ಬೇರೆ ಬೇರೆಯಾಗಿ ನೋಡುತ್ತದೆ. ಮರಾಠಿಯಲ್ಲಿ ‘ತಾಬಾ’, ‘ವಹಿವಾಟ’ ಎನ್ನುವುದನ್ನೇ ಕನ್ನಡದ ಕ್ರಯಪತ್ರಗಳು ‘ಸ್ವಾಧೀನಾನುಭವ’ ಎನ್ನುತ್ತವೆ. ಕರ್ನಾಟಕದಿಂದ ಹೋದ ರಾಮೇಗೌಡ ವಿರುದ್ಧ ವರದಪ್ಪ ನಾಯ್ಡು ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2003ರ ಡಿಸೆಂಬರ್‌ನಲ್ಲಿ ಈ ತತ್ವವನ್ನು ಸ್ಪಷ್ಟವಾಗಿ ಹೇಳಿತು. ಹಕ್ಕನ್ನು ಸಾಬೀತುಪಡಿಸಲಾಗದಿದ್ದರೂ ನೆಲೆಗೊಂಡ ಸ್ವಾಧೀನದಲ್ಲಿರುವವನನ್ನು ಕಾನೂನಿನ ದಾರಿಯಿಂದಲ್ಲದೆ ತೋಳ್ಬಲದಿಂದ ಎಬ್ಬಿಸುವಂತಿಲ್ಲ. ಈ ತತ್ವ ಇಲ್ಲದಿದ್ದರೆ ಊರೂರಲ್ಲೂ ಲಾಠಿಯೇ ಕಾಗದಪತ್ರವಾಗುತ್ತಿತ್ತು. ದಾಖಲೆಯಿಲ್ಲದ ಗೇಣಿದಾರ, ಕಾಡಂಚಿನಲ್ಲಿ ತಲೆಮಾರಿನಿಂದ ಉಳುವ ವಾರ್ಲಿ, ಕಾತಕರಿ ಕುಟುಂಬಗಳಿಗೆ ಇದು ದೊಡ್ಡ ಆಸರೆ. ಆದರೆ ಇದೇ ತತ್ವ, ಹೇಗೋ ಒಳಗೆ ಬಂದು ಬೇರು ಬಿಟ್ಟವನಿಗೂ ಆಸರೆಯಾಗುತ್ತದೆ. ಅವನಿಗೆ ಬೇಕಾಗಿರುವುದು ಸಮಯ ಮಾತ್ರ. ಆ ಸಮಯವನ್ನು ಅಪೀಲುಗಳ ಏಣಿ ಧಾರಾಳವಾಗಿ ಕೊಡುತ್ತದೆ.

ಏಣಿಯ ಮೆಟ್ಟಿಲುಗಳನ್ನು ಒಮ್ಮೆ ಎಣಿಸಿ ನೋಡಬೇಕು. ಮೂಲ ದಾವೆ ಭಿವಂಡಿಯ ಸಿವಿಲ್ ನ್ಯಾಯಾಲಯದಲ್ಲಿ. ಸೋತವರು 30 ದಿನದೊಳಗೆ, ಸಾಮಾನ್ಯವಾಗಿ, ಥಾಣೆಯ ಜಿಲ್ಲಾ ನ್ಯಾಯಾಲಯಕ್ಕೆ ಹೋಗುತ್ತಾರೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ 96ನೇ ಕಲಮಿನ ಈ ಮೊದಲ ಅಪೀಲಿನಲ್ಲಿ ಸಂಗತಿ, ಸಾಕ್ಷ್ಯ, ಕಾನೂನು ಎಲ್ಲವೂ ಮತ್ತೆ ತೆರೆದುಕೊಳ್ಳುತ್ತವೆ. ಅಲ್ಲಿಂದ 90 ದಿನದೊಳಗೆ ಬಾಂಬೆ ಹೈಕೋರ್ಟಿಗೆ ಎರಡನೇ ಅಪೀಲು. 1976ರ ತಿದ್ದುಪಡಿಯ ನಂತರ ಇಲ್ಲಿ ಮಹತ್ವದ ಕಾನೂನು ಪ್ರಶ್ನೆ ಇದ್ದರೆ ಮಾತ್ರ ಪ್ರವೇಶ. ಕೊನೆಗೆ ಸಂವಿಧಾನದ 136ನೇ ವಿಧಿಯಡಿ ದಿಲ್ಲಿ.

ಒಂದೇ ಏಣಿಯಾಗಿದ್ದರೆ ಹೇಗೋ ಹತ್ತಿ ಇಳಿಯಬಹುದಿತ್ತು. ಆದರೆ ಪಕ್ಕದಲ್ಲಿ ಇನ್ನೂ ಕೆಲವು ನಿಂತಿವೆ. ದಾವೆ ನಡೆಯುತ್ತಿರುವಾಗಲೇ ತಾತ್ಕಾಲಿಕ ತಡೆಯಾಜ್ಞೆ ಕೊಟ್ಟದ್ದಕ್ಕೆ ಅಥವಾ ನಿರಾಕರಿಸಿದ್ದಕ್ಕೆ ಬೇರೆ ಅಪೀಲು. 7/12 ಉತಾರದಲ್ಲಿ, ಅಂದರೆ ನಮ್ಮ ಪಹಣಿಗೆ ಸಮಾನವಾದ ‘ಸಾತ್‌ಬಾರಾ’ದಲ್ಲಿ, ಹೆಸರು ಬದಲಾದರೆ ಆ ‘ಫೇರ್‌ಫಾರ್’ ವಿರುದ್ಧ ಪ್ರಾಂತಾಧಿಕಾರಿಯಿಂದ ಮೇಲಕ್ಕೆ ಕಂದಾಯ ಇಲಾಖೆಯ ಅಪೀಲು. ಈ ನಮೂದು ಹಕ್ಕನ್ನು ಸೃಷ್ಟಿಸುವುದಿಲ್ಲ ಎಂದು ಸುಪ್ರೀಂ ಕೋರ್ಟ್ ಎಷ್ಟು ಸಲ ಹೇಳಿದರೂ ಸ್ವಾಧೀನ ತೋರಿಸಲು ಎಲ್ಲರೂ ಮೊದಲು ಮುಂದಿಡುವುದು ಅದನ್ನೇ. ಪ್ರತಿವಾದಿ ‘ನಾನು ಗೇಣಿದಾರ’ ಎಂದುಬಿಟ್ಟರೆ ಸಿವಿಲ್ ನ್ಯಾಯಾಲಯ ಆ ಪ್ರಶ್ನೆಯನ್ನು ತಾನು ತೀರ್ಮಾನಿಸುವಂತಿಲ್ಲ. 1948ರ ಬಾಂಬೆ ಗೇಣಿ ಕಾಯಿದೆಯ ಪ್ರಕಾರ ಅದನ್ನು ತಹಸೀಲ್ದಾರರಿಗೆ ಕಳಿಸಬೇಕು. ಅಲ್ಲಿಂದ ಮತ್ತೊಂದು ಅಪೀಲು, ಬಳಿಕ ಮಹಾರಾಷ್ಟ್ರ ಕಂದಾಯ ನ್ಯಾಯಮಂಡಳಿ, ಅನಂತರ ಹೈಕೋರ್ಟ್. ಅಷ್ಟೂ ಕಾಲ ಮೂಲ ದಾವೆ ಕಟ್ಟಿಹಾಕಿದಂತೆ ನಿಂತಿರುತ್ತದೆ.

ನಡುವೆ ಕಕ್ಷಿದಾರರು ತೀರಿಕೊಳ್ಳುತ್ತಾರೆ. 90 ದಿನದೊಳಗೆ ವಾರಸುದಾರರ ಹೆಸರು ಸೇರಿಸದಿದ್ದರೆ ಆ ಮಟ್ಟಿಗೆ ಅಪೀಲೇ ಬಿದ್ದುಹೋಗುತ್ತದೆ. ಸೇರಿಸಿದರೆ, ಮದುವೆಯಾಗಿ ಬೇರೆ ಊರಿಗೆ ಹೋದ ಹೆಣ್ಣುಮಕ್ಕಳಿಂದ ಹಿಡಿದು ಕೆಲಸಕ್ಕೆಂದು ದೂರ ಹೋದ ಮೊಮ್ಮಕ್ಕಳವರೆಗೆ ಎಲ್ಲರಿಗೂ ನೋಟಿಸು ಮುಟ್ಟಬೇಕು.

ಇಷ್ಟೆಲ್ಲ ನಡೆಯುವಾಗ ಭೂಮಿಯ ಮೇಲೆ ಏನಾಗುತ್ತದೆ? ಅಪೀಲು ಹಾಕಿದ ಮಾತ್ರಕ್ಕೆ ಕೆಳಗಿನ ತೀರ್ಪು ತಡೆಯಾಗುವುದಿಲ್ಲ ಎಂದು ಸಂಹಿತೆಯ 41ನೇ ಆದೇಶದ 5ನೇ ನಿಯಮ ಸ್ಪಷ್ಟವಾಗಿಯೇ ಹೇಳುತ್ತದೆ. ಆದರೆ ಸ್ವಾಧೀನ ಬಿಡಬೇಕಾದವನು ತಡೆ ಕೇಳುತ್ತಾನೆ, ‘ಯಥಾಸ್ಥಿತಿ ಕಾಪಾಡಿ’ ಎಂಬ ಆದೇಶ ಸಿಗುತ್ತದೆ. ಯಥಾಸ್ಥಿತಿ ಎಂಬ ಪದಕ್ಕೆ ತಕ್ಕಡಿಯ ಎರಡೂ ತಟ್ಟೆ ಸಮವಾಗಿಟ್ಟ ಗಾಂಭೀರ್ಯವಿದೆ. ಒಳಗಿದ್ದವನು ಒಳಗೆ, ಹೊರಗಿದ್ದವನು ಹೊರಗೆ ಎನ್ನುವುದೇ ಅದರ ನಿಜವಾದ ಪರಿಣಾಮ. ಆ ದಿನ ಸ್ಥಿತಿ ಏನಿತ್ತು ಎಂಬುದಕ್ಕೆ ಫೋಟೋ, ಅಳತೆ, ನಕ್ಷೆ ಯಾವುದೂ ಇಲ್ಲದಿದ್ದರೆ ಆಮೇಲೆ ಎದ್ದ ಗೋಡೆಯೂ ‘ಮೊದಲಿನಿಂದ ಇತ್ತು’ ಎಂದಾಗುತ್ತದೆ.

ಒಂದು ಉದಾಹರಣೆ ಕಲ್ಪಿಸಿಕೊಂಡರೆ ಲೆಕ್ಕ ಸ್ಪಷ್ಟವಾಗುತ್ತದೆ. ಒಬ್ಬ ರೈತನ ಒಂದು ಎಕರೆ, ಅಂದರೆ ನಲವತ್ತು ಗುಂಟೆ ಗದ್ದೆಯನ್ನು ಇನ್ನೊಬ್ಬ ಹಿಡಿದುಕೊಂಡಿದ್ದಾನೆ. ದಾವೆ ನಡೆಯುವಾಗ ಮಣ್ಣು ತುಂಬಿಸಿ ಶೆಡ್ ಕಟ್ಟಿ ಸರಕು ಸಾಗಣೆ ಕಂಪನಿಗೆ ಬಾಡಿಗೆಗೆ ಕೊಡುತ್ತಾನೆ. ಹದಿನೈದೋ ಇಪ್ಪತ್ತೋ ವರ್ಷದ ಬಳಿಕ ರೈತ ಗೆಲ್ಲುತ್ತಾನೆ. ಅಕ್ರಮವಾಗಿ ಸ್ವಾಧೀನದಲ್ಲಿದ್ದ ಕಾಲದ ಆದಾಯವನ್ನು, ಕಾನೂನಿನ ಮಾತಿನಲ್ಲಿ ‘ಮಧ್ಯಂತರ ಲಾಭ’ವನ್ನು, ಬಡ್ಡಿ ಸಮೇತ ಕೇಳುವ ಹಕ್ಕು ಅವನಿಗಿದೆ. ಆದರೆ ಸಂಹಿತೆಯ 2ನೇ ಕಲಮಿನ 12ನೇ ಉಪಕಲಂ ಒಂದು ಮಾತು ಸೇರಿಸಿದೆ: ಅಕ್ರಮ ಸ್ವಾಧೀನದಲ್ಲಿದ್ದವನು ಮಾಡಿದ ಸುಧಾರಣೆಗಳಿಂದ ಬಂದ ಲಾಭ ಇದರಲ್ಲಿ ಸೇರುವುದಿಲ್ಲ. ಹೊಲ ಹಿಡಿದವನು ಬಾವಿ ತೋಡಿ ತೋಟ ಮಾಡಿದರೆ ಆ ಬೆವರಿನ ಫಲ ಇನ್ನೊಬ್ಬನಿಗೆ ಹೋಗಬಾರದು ಎಂಬ ನ್ಯಾಯಬುದ್ಧಿ ಅದರ ಹಿಂದಿರಬಹುದು. ಗೋದಾಮಿನ ಕಾಲದಲ್ಲಿ ಅದು ಬೇರೆಯದೇ ಕೆಲಸ ಮಾಡುತ್ತದೆ. ಶೆಡ್ಡಿನ ಬಾಡಿಗೆ ಹಿಡಿದವನ ಜೇಬಿಗೆ, ಭತ್ತದ ಲೆಕ್ಕ ರೈತನಿಗೆ. ಹೀಗಿರುವಾಗ ಸೋಲುವುದು ಖಚಿತವೆಂದು ಗೊತ್ತಿದ್ದವನೂ ಅಪೀಲನ್ನು ಮುಂದಕ್ಕೆ ತಳ್ಳುವುದರಲ್ಲಿ ಆಶ್ಚರ್ಯವಿಲ್ಲ.

ಡಿಕ್ರಿಯ ನಂತರದ ಕಥೆ ಇನ್ನೂ ಇದೆ. ಅಮಲ್ಜಾರಿಗೆ ಹೋದರೆ ಶೆಡ್ಡಿನಲ್ಲಿರುವ ಬಾಡಿಗೆದಾರ ಆಕ್ಷೇಪ ಹಾಕುತ್ತಾನೆ. ಆ ಆಕ್ಷೇಪದ ಮೇಲಿನ ಆದೇಶವನ್ನೇ ಡಿಕ್ರಿ ಎಂದು ಪರಿಗಣಿಸಬೇಕೆಂದು 21ನೇ ಆದೇಶದ 103ನೇ ನಿಯಮ ಹೇಳುತ್ತದೆ. ಅಂದರೆ ಅದಕ್ಕೂ ಅಪೀಲು. ಹಳೆಯ ಏಣಿ ಇಳಿದವನ ಮುಂದೆ ಹೊಸ ಏಣಿ. ಭಾರತದಲ್ಲಿ ಕಕ್ಷಿದಾರನ ಕಷ್ಟ ಡಿಕ್ರಿ ಸಿಕ್ಕ ಮೇಲೆ ಆರಂಭವಾಗುತ್ತದೆ ಎಂದು ಪ್ರಿವಿ ಕೌನ್ಸಿಲ್ 1872ರಲ್ಲೇ ಗುರುತಿಸಿತ್ತು. 2025ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟ್ ಮುಂದೆ ಬಂದ ಲೆಕ್ಕದಂತೆ ದೇಶದಲ್ಲಿ ಬಾಕಿಯಿದ್ದ ಅಮಲ್ಜಾರಿ ಅರ್ಜಿಗಳು 8.82 ಲಕ್ಷ. ಎಲ್ಲಕ್ಕಿಂತ ದೊಡ್ಡ ಪಾಲು, ಸುಮಾರು 3.4 ಲಕ್ಷ, ಬಾಂಬೆ ಹೈಕೋರ್ಟಿನ ವ್ಯಾಪ್ತಿಯದು.

ಮಹಾರಾಷ್ಟ್ರದಲ್ಲಿ ಇನ್ನೊಂದು ವಿಶೇಷವಿದೆ. ದಾವೆ ನಡೆಯುತ್ತಿರುವ ಜಮೀನನ್ನು ಕೊಂಡವನು, ಗೊತ್ತಿದ್ದು ಕೊಂಡಿರಲಿ ಗೊತ್ತಿಲ್ಲದೆ ಕೊಂಡಿರಲಿ, ದಾವೆಯ ಫಲಿತಾಂಶಕ್ಕೆ ಬದ್ಧ ಎನ್ನುವುದು ಸ್ವತ್ತು ವರ್ಗಾವಣೆ ಕಾಯಿದೆಯ 52ನೇ ಕಲಮಿನ ಸಾಮಾನ್ಯ ನಿಯಮ. ಬಾಂಬೆಯ 1939ರ ತಿದ್ದುಪಡಿಯಿಂದ ಬಂದ ಪದ್ಧತಿಯಂತೆ ಮಹಾರಾಷ್ಟ್ರ, ಗುಜರಾತುಗಳಲ್ಲಿ ದಾವೆಯ ನೋಟಿಸನ್ನು ಉಪನೋಂದಣಿ ಕಚೇರಿಯಲ್ಲಿ ನೋಂದಾಯಿಸಿದ್ದರೆ ಮಾತ್ರ ಆ ರಕ್ಷಣೆ. ಇದು ಒಳ್ಳೆಯ ಪದ್ಧತಿ, ಇಡೀ ದೇಶಕ್ಕೆ ವಿಸ್ತರಿಸುವುದನ್ನು ಪರಿಶೀಲಿಸಬಹುದು ಎಂದು 2010ರಲ್ಲಿ ಟಿ.ಜಿ. ಅಶೋಕ್ ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಕೊಳ್ಳುವವರ ದೃಷ್ಟಿಯಿಂದ ಅದು ನಿಜ. ಆದರೆ ನೋಟಿಸು ನೋಂದಾಯಿಸಬೇಕೆಂದು ಯಾರೂ ಹೇಳದೆ ಬಿಟ್ಟ ರೈತನ ದಾವೆ, ಜಮೀನು ಎರಡು ಕೈ ಬದಲಾದ ಮೇಲೆ ಗಾಳಿಯಲ್ಲಿ ನಿಲ್ಲುತ್ತದೆ.

ಇದು ಭಿವಂಡಿಯ ಮರಾಠಿ ರೈತನ ಸಮಸ್ಯೆ ಮಾತ್ರ ಎಂದುಕೊಳ್ಳುವಂತಿಲ್ಲ. ಡೊಂಬಿವಲಿ, ಕಲ್ಯಾಣ್, ಥಾಣೆ, ನವಿಮುಂಬಯಿಗಳ ಕನ್ನಡಿಗರು ಇದರ ಎರಡೂ ತುದಿಯಲ್ಲಿದ್ದಾರೆ. ಇಲ್ಲಿ ಜಾಗವನ್ನೋ ಫ್ಲ್ಯಾಟನ್ನೋ ಗಾಲೆಯನ್ನೋ ಕೊಳ್ಳುವವರು ಬಿಲ್ಡರ್ ತೋರಿಸುವ 7/12 ನೋಡಿ ತೃಪ್ತರಾಗದೆ ‘ಇಂಡೆಕ್ಸ್-2’ ಹುಡುಕಾಟದಲ್ಲಿ ದಾವೆಯ ನೋಟಿಸು ಇದೆಯೇ ಎಂದು ನೋಡಿಸಬೇಕು. ಇನ್ನು ಉಡುಪಿ, ಕುಂದಾಪುರ, ಬಿಜಾಪುರ, ಕಲಬುರಗಿ ಕಡೆ ಪಾಲಿನ ಜಮೀನು ಬಿಟ್ಟು ಬಂದವರ ಕೈಯಲ್ಲಿ ಹಕ್ಕಿರುತ್ತದೆ, ಸ್ವಾಧೀನ ಊರಲ್ಲಿ ಉಳಿದವರದಾಗಿರುತ್ತದೆ. ಸಹಪಾಲುದಾರ ಉಳುತ್ತಿದ್ದ ಮಾತ್ರಕ್ಕೆ ಹಕ್ಕು ಹೋಗುವುದಿಲ್ಲ. ಆದರೆ ಹೊರಗಿನವರು ಪ್ರತಿಕೂಲವಾಗಿ 12 ವರ್ಷ ಹಿಡಿದುಕೊಂಡರೆ ದಾವೆಯ ಹಕ್ಕಷ್ಟೇ ಅಲ್ಲ, ಮಾಲೀಕತ್ವವೇ ಅಳಿಯುತ್ತದೆ. ವರ್ಷಕ್ಕೊಮ್ಮೆ ಭೂತದ ಕೋಲಕ್ಕೋ ಜಾತ್ರೆಗೋ ಊರಿಗೆ ಹೋಗಿ ಬರುವವರಿಗೆ 12 ವರ್ಷ ಕಳೆದದ್ದೇ ತಿಳಿಯುವುದಿಲ್ಲ.

ಹಾಗಾದರೆ ಅಪೀಲುಗಳನ್ನು ಮುಚ್ಚಿಬಿಡಬೇಕೆ? ಕರ್ನಾಟಕ ಆ ಪ್ರಯೋಗ ಮಾಡಿ ನೋಡಿದೆ. 1974ರ ಭೂಸುಧಾರಣೆಯಲ್ಲಿ ‘ಉಳುವವನೇ ಹೊಲದೊಡೆಯ’ ಎಂಬ ಆಶಯ ಬೇಗ ಕೈಗೂಡಲೆಂದು ಭೂ ನ್ಯಾಯಮಂಡಳಿಗಳ ತೀರ್ಮಾನವೇ ಅಂತಿಮ ಎಂದು ಮಾಡಲಾಯಿತು. ಬಾಗಿಲು ಮುಚ್ಚಿದಾಗ ಜನ ಕಿಟಕಿಯಿಂದ ಹೋದರು. ಪ್ರಕರಣಗಳು ರಿಟ್ ಅರ್ಜಿಗಳಾಗಿ ಹೈಕೋರ್ಟಿಗೆ ಹರಿದವು. 1986ರಲ್ಲಿ ಮೇಲ್ಮನವಿ ಪ್ರಾಧಿಕಾರಗಳನ್ನು ರಚಿಸಿ, 1990ರಲ್ಲಿ ಅವನ್ನೂ ರದ್ದು ಮಾಡಬೇಕಾಯಿತು. ಕೆಳಗಿನ ತೀರ್ಪು ತಪ್ಪಾದಾಗ ತಿದ್ದಿಸಿಕೊಳ್ಳುವ ದಾರಿ ಜನರಿಗೆ ಬೇಕೇ ಬೇಕು. ತಲಾಠಿಯ ತಪ್ಪು ನಮೂದನ್ನು ನಂಬಿ ಕೊಟ್ಟ ತೀರ್ಪಿನಿಂದ ಹೆಚ್ಚು ಪೆಟ್ಟು ತಿನ್ನುವವನೂ ದಾಖಲೆಯಿಲ್ಲದ ಬಡವನೇ.

ಅಪೀಲಿಲ್ಲದ ಚಿಕ್ಕ ದಾರಿಯೂ ಕಾನೂನಿನಲ್ಲಿದೆ, ಅದರ ಬಳಕೆ ಮಾತ್ರ ಕಡಿಮೆ. 1963ರ ನಿರ್ದಿಷ್ಟ ಪರಿಹಾರ ಕಾಯಿದೆಯ 6ನೇ ಕಲಂ ಪ್ರಕಾರ, ಕಾನೂನುಬಾಹಿರವಾಗಿ ಹೊರದಬ್ಬಿಸಿಕೊಂಡವನು ಆರು ತಿಂಗಳೊಳಗೆ ದಾವೆ ಹೂಡಿದರೆ ಹಕ್ಕಿನ ಪ್ರಶ್ನೆಗೆ ಹೋಗದೆ ಸ್ವಾಧೀನ ಮರಳಿ ಕೊಡಿಸಬಹುದು. ಆ ಡಿಕ್ರಿಗೆ ಅಪೀಲಿಲ್ಲ. ಹಕ್ಕು ಸಾಧಿಸಬೇಕಾದವನು ಬೇರೆ ದಾವೆ ಹಾಕಿಕೊಳ್ಳಬೇಕು. ಕೃಷಿ ಜಮೀನಿಗೆ 1906ರ ಮಾಮಲೇದಾರರ ನ್ಯಾಯಾಲಯ ಕಾಯಿದೆಯೂ ಇದೆ. ಬೆಳಗಾವಿ, ಧಾರವಾಡ, ಬಿಜಾಪುರ, ಕೆನರಾಗಳನ್ನು ಒಳಗೊಂಡಿದ್ದ ಅಂದಿನ ಬಾಂಬೆ ಪ್ರಾಂತ್ಯದ ಕಾನೂನು ಅದು. ಅಲ್ಲಿಯೂ ಆರು ತಿಂಗಳ ಗಡುವು, ಅಪೀಲಿಲ್ಲ, ಕಲೆಕ್ಟರರ ಪರಿಷ್ಕರಣೆ ಮಾತ್ರ. ಹೊರದಬ್ಬಿಸಿಕೊಂಡವರು ಮೊದಲು ಓಡುವುದು ಪೊಲೀಸ್ ಠಾಣೆಗೆ. ‘ಇದು ಸಿವಿಲ್ ವಿಷಯ’ ಎಂಬ ಉತ್ತರ ಬರುತ್ತದೆ. ಬಳಿಕ ತಲಾಠಿ, ಸರಪಂಚ, ಸ್ಥಳೀಯ ಮುಖಂಡ, ರಾಜಿ ಮಾತುಕತೆ. ಅಷ್ಟರಲ್ಲಿ ಆರು ತಿಂಗಳು ಮುಗಿದು, ಉಳಿಯುವುದು ದೀರ್ಘ ದಾವೆಯ ದಾರಿಯೊಂದೇ.

ಆದ್ದರಿಂದ ಆ ದೀರ್ಘ ದಾರಿಯನ್ನೇ ಸರಿಪಡಿಸಬೇಕು. ಅದಕ್ಕೆ ಒಂದು ಸರಳ ಸೂತ್ರ ಸಾಕು: ಅಪೀಲಿನ ಅವಧಿಯಲ್ಲಿ ಭೂಮಿಯ ಬಳಕೆ ಬದಲಾಯಿಸಿದವನು, ಬದಲಾಯಿಸಿದ ದಿನದಿಂದ, ಆ ಜಾಗ ಮಾರುಕಟ್ಟೆಯಲ್ಲಿ ತರಬಹುದಾದ ನೆಲಬಾಡಿಗೆಯನ್ನು ತಿಂಗಳು ತಿಂಗಳು ನ್ಯಾಯಾಲಯದಲ್ಲಿ ಕಟ್ಟಬೇಕು. ಅಪೀಲುದಾರನಾಗಿರಲಿ ಎದುರುದಾರನಾಗಿರಲಿ, ಸ್ವಾಧೀನದಲ್ಲಿರುವವನಿಗೆ ಈ ಷರತ್ತು. ಗೆದ್ದರೆ ಅವನ ಹಣ ಬಡ್ಡಿಯೊಂದಿಗೆ ಮರಳುತ್ತದೆ. ಸೋತರೆ ಅದು ಗೆದ್ದವನದು. ಭತ್ತ ಬೆಳೆಯುತ್ತಿದ್ದವನು ಭತ್ತವನ್ನೇ ಬೆಳೆಯುತ್ತಿದ್ದರೆ, ವಾಸದ ಮನೆಯಲ್ಲಿ ವಾಸವನ್ನೇ ಮಾಡುತ್ತಿದ್ದರೆ ಏನನ್ನೂ ಕಟ್ಟಬೇಕಿಲ್ಲ.

ಈ ವಿನಾಯಿತಿ ಅಗತ್ಯ. ಎಲ್ಲರಿಗೂ ಒಂದೇ ದರ ಎಂದರೆ ಅಪೀಲಿನಲ್ಲಿರುವ ಗೇಣಿದಾರನೋ ಆದಿವಾಸಿಯೋ ಠೇವಣಿ ಕಟ್ಟಲಾಗದೆ ತೀರ್ಪಿಗಿಂತ ಮೊದಲೇ ಜಮೀನು ಕಳೆದುಕೊಳ್ಳುತ್ತಾನೆ. ಬಡವ ಸಾಮಾನ್ಯವಾಗಿ ಬಳಕೆ ಬದಲಾಯಿಸುವುದಿಲ್ಲ, ಅದಕ್ಕೆ ಬಂಡವಾಳ ಬೇಕು. ಶೆಡ್ ಕಟ್ಟುವ ಶಕ್ತಿ ಇದ್ದವನಿಗೆ ನೆಲಬಾಡಿಗೆ ಕಟ್ಟುವ ಶಕ್ತಿಯೂ ಇರುತ್ತದೆ.

ನ್ಯಾಯಾಲಯಗಳಿಗೆ ಈ ವಿಚಾರ ಹೊಸತೇನಲ್ಲ. ದಿಲ್ಲಿಯ ಆತ್ಮಾರಾಮ್ ಪ್ರಾಪರ್ಟೀಸ್ ಪ್ರಕರಣದಲ್ಲಿ 2004ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟ್, ತೆರವಿನ ಡಿಕ್ರಿಗೆ ತಡೆ ಕೊಡುವಾಗ ಹಳೆಯ ಬಾಡಿಗೆಗೆ ಅಂಟಿಕೊಳ್ಳದೆ ಇಂದಿನ ದರದಲ್ಲಿ ಹಣ ಕಟ್ಟಲು ಹೇಳಬಹುದು ಎಂದಿತು. 2009ರಲ್ಲಿ ಸೂಪರ್ ಮ್ಯಾಕ್ಸ್ ಪ್ರಕರಣದಲ್ಲಿ ಅದನ್ನೇ ಮುಂಬಯಿಯ ಕಟ್ಟಡವೊಂದಕ್ಕೆ ಅನ್ವಯಿಸಿತು. ಅಲ್ಲಿ ಬಾಡಿಗೆದಾರ ಮಹಾರಾಷ್ಟ್ರ ಸರ್ಕಾರವೇ ಆಗಿತ್ತು. ಪೇಟೆಯ ಕಟ್ಟಡಕ್ಕೆ ಸಲ್ಲುವ ನ್ಯಾಯ ಹೆದ್ದಾರಿ ಬದಿಯ ಗದ್ದೆಗೂ ಸಲ್ಲಬೇಕು. ಹೆದ್ದಾರಿಗಾಗಿ ಸರ್ಕಾರ ಇದೇ ಜಮೀನನ್ನು ಸ್ವಾಧೀನಪಡಿಸಿಕೊಂಡಾಗ ಪರಿಹಾರದ ಹಣ ಯಾರಿಗೆ ಎಂಬ ವಿವಾದ ಎದ್ದರೆ, ರಾಷ್ಟ್ರೀಯ ಹೆದ್ದಾರಿ ಕಾಯಿದೆಯ ಪ್ರಕಾರ ಆ ವಿವಾದ ಸಿವಿಲ್ ನ್ಯಾಯಾಲಯಕ್ಕೆ ಹೋಗುತ್ತದೆ. ‘ಸದ್ಯ ಕೈಗೆ ಸಿಕ್ಕವನು ಖರ್ಚು ಮಾಡಿಕೊಳ್ಳಲಿ, ಆಮೇಲೆ ನೋಡೋಣ’ ಎಂದು ಅಲ್ಲಿ ಯಾರೂ ಹೇಳುವುದಿಲ್ಲ. ಭೂಮಿ ಹಣವಾದಾಗ ತೋರುವ ಎಚ್ಚರ, ಭೂಮಿ ಭೂಮಿಯಾಗಿರುವಾಗ ಇಲ್ಲ.

ಬಳಕೆ ಬದಲಾಯಿತೇ ಎಂದು ತಿಳಿಯಲು ಆರಂಭದ ಚಿತ್ರ ಬೇಕು. ಬೆಂಗಳೂರಿನ ಮೈಸೂರು ರಸ್ತೆಯ ಜಾಗದ ವ್ಯಾಜ್ಯವೊಂದು 1980ರ ದಶಕದಲ್ಲಿ ಶುರುವಾಗಿ, 2006ರಲ್ಲಿ ಡಿಕ್ರಿಯಾಗಿ, ಅಮಲ್ಜಾರಿಯಾಗದೆ 2021ರಲ್ಲಿ ಸುಪ್ರೀಂ ಕೋರ್ಟ್ ಮುಂದೆ ನಿಂತಿತ್ತು. ರಾಹುಲ್ ಶಾ ಪ್ರಕರಣ ಎಂದು ಹೆಸರಾದ ಆ ತೀರ್ಪು, ಅಮಲ್ಜಾರಿ ಆರು ತಿಂಗಳಲ್ಲಿ ಮುಗಿಯಬೇಕು ಎಂದಿತು. ಸೂಕ್ತ ಪ್ರಕರಣಗಳಲ್ಲಿ ಆರಂಭದಲ್ಲೇ ಕಮಿಷನರ್ ನೇಮಿಸಿ ಸ್ವತ್ತಿನ ನಿಖರ ವಿವರ, ಸ್ಥಿತಿಗತಿ ದಾಖಲಿಸಿಕೊಳ್ಳಬಹುದು ಎಂದೂ ಹೇಳಿತು. ಸರ್ವೆ ಅಳತೆ, ಮೊಬೈಲ್ ಫೋಟೋ, ಉಪಗ್ರಹ ಚಿತ್ರ ಎಲ್ಲವೂ ಸುಲಭವಾಗಿರುವ ಈ ಕಾಲದಲ್ಲಿ ಅದು ಪ್ರತಿ ಭೂ ದಾವೆಯ ಮೊದಲ ಹೆಜ್ಜೆಯಾಗಬೇಕು. ಮಹಾರಾಷ್ಟ್ರದಲ್ಲಿ ಅದೇ ದಿನ ದಾವೆಯ ನೋಟಿಸಿನ ನೋಂದಣಿಯೂ ಆಗುವಂತೆ ನ್ಯಾಯಾಲಯದ ಕಚೇರಿಯೇ ನೋಡಿಕೊಂಡರೆ ರೈತನೂ ಉಳಿಯುತ್ತಾನೆ, ಗೊತ್ತಿಲ್ಲದೆ ಕೊಳ್ಳುವವನೂ ಉಳಿಯುತ್ತಾನೆ.

ನೆಲಬಾಡಿಗೆ ನಿಗದಿಗೆ ಮತ್ತೊಂದು ಜಗಳ, ಅದಕ್ಕೂ ಅಪೀಲು ಬರುವುದಿಲ್ಲವೇ ಎಂಬ ಆಕ್ಷೇಪಕ್ಕೆ ಅರ್ಥವಿದೆ. ಅದಕ್ಕಾಗಿಯೇ ದರವನ್ನು ಸರ್ಕಾರಿ ಮಾರ್ಗಸೂಚಿ ಬೆಲೆಯ, ಮಹಾರಾಷ್ಟ್ರದಲ್ಲಿ ‘ರೆಡಿ ರೆಕನರ್’ ದರದ, ಇಂತಿಷ್ಟು ಶೇಕಡಾ ಎಂದು ನಿಯಮದಲ್ಲೇ ಗೊತ್ತುಪಡಿಸಬೇಕು. ಲೆಕ್ಕ ಸ್ವಲ್ಪ ಒರಟಾಗಬಹುದು. ಇಪ್ಪತ್ತು ವರ್ಷ ಏನೂ ಇಲ್ಲದಿರುವುದಕ್ಕಿಂತ ಒರಟು ಲೆಕ್ಕ ಮೇಲು.

ಇದಕ್ಕೆ ಸಂಸತ್ತಿನ ಕಡೆ ನೋಡುತ್ತ ಕೂರಬೇಕಾಗಿಯೂ ಇಲ್ಲ. ಸಂಹಿತೆಯ 122ನೇ ಕಲಂ ತಮ್ಮ ವ್ಯಾಪ್ತಿಯ ಸಿವಿಲ್ ನ್ಯಾಯಾಲಯಗಳ ಕಾರ್ಯವಿಧಾನದ ನಿಯಮಗಳನ್ನು ಬದಲಾಯಿಸುವ ಅಧಿಕಾರವನ್ನು ಹೈಕೋರ್ಟುಗಳಿಗೇ ಕೊಟ್ಟಿದೆ. 41ನೇ ಆದೇಶದ 5ನೇ ನಿಯಮಕ್ಕೆ ಒಂದು ಉಪನಿಯಮ ಸೇರಿಸಿದರೆ ಕೆಲಸ ಆರಂಭವಾಗುತ್ತದೆ. ಮಧ್ಯಂತರ ಲಾಭದ ವ್ಯಾಖ್ಯೆ ತಿದ್ದಲು ಮಾತ್ರ ಶಾಸಕಾಂಗ ಬೇಕು, ಮತ್ತು ಸಿವಿಲ್ ಪ್ರಕ್ರಿಯೆ ಸಮವರ್ತಿ ಪಟ್ಟಿಯಲ್ಲಿರುವುದರಿಂದ ರಾಜ್ಯಗಳೂ ಅದನ್ನು ಮಾಡಬಹುದು. ಮಹಾರಾಷ್ಟ್ರಕ್ಕೆ ಇದು ಅಪರಿಚಿತ ಕೆಲಸವೂ ಅಲ್ಲ. ತಡೆಯಾಜ್ಞೆಯ ಹಂತದಲ್ಲೇ ನ್ಯಾಯಾಲಯದ ಅಧಿಕಾರ ವ್ಯಾಪ್ತಿಯ ಪ್ರಶ್ನೆಯನ್ನು ಮೊದಲು ತೀರ್ಮಾನಿಸಬೇಕೆಂದು 1977ರಲ್ಲಿ ಸೇರಿಸಿದ್ದ 9ಎ ಕಲಂ ಎಷ್ಟೋ ದಾವೆಗಳನ್ನು ಹೊಸ್ತಿಲಲ್ಲೇ ನಿಲ್ಲಿಸಿದ್ದನ್ನು ಕಂಡು, 2018ರಲ್ಲಿ ಅದನ್ನು ಆ ರಾಜ್ಯವೇ ತೆಗೆದುಹಾಕಿತು. ಬೆಂಗಳೂರಿನ ಸುತ್ತಲಿನ ಹೊಲಗಳ ಕಥೆ ಭಿವಂಡಿಯದಕ್ಕಿಂತ ಬೇರೆಯಲ್ಲ, ಕರ್ನಾಟಕ ಹೈಕೋರ್ಟಿಗೂ ಇದೇ ಅಧಿಕಾರವಿದೆ. ಭಿವಂಡಿ ತಾಲೂಕಿನಲ್ಲಿ ಇನ್ನೂ ಭತ್ತ ಬೆಳೆಯುವ ಗದ್ದೆಗಳಿವೆ. ಅವುಗಳ ಮೇಲಿನ ಅಪೀಲುಗಳು ಮುಗಿಯುವ ಮೊದಲು ಈ ನಿಯಮ ಬಂದರೆ, ಗೆದ್ದವರ ಕೈಗೆ ಗದ್ದೆಯಾದರೂ ಸಿಗುತ್ತದೆ, ಇಲ್ಲವೇ ಅದರ ಸರಿಯಾದ ಬೆಲೆಯಾದರೂ ಸಿಗುತ್ತದೆ.